ಮುದ್ರೆಯಿಲ್ಲದ ಪತ್ರಿಕೆ

ವಿಶ್ವವಿದ್ಯಾಲಯದ ಸಾಹಿತ್ಯ ಪತ್ರಿಕೆ ಎಂದೊಡನೆ ಮೈಸೂರಿನ ಕಡೆಯವರು ‘ಪ್ರಬುದ್ಧ ಕರ್ಣಾಟಕ’ದ ಹೆಸರು ಹೇಳುತ್ತಾರೆ. ಹೇಳಬೇಕಾದದ್ದೇ. 1919ರಲ್ಲಿ ಬೆಂಗಳೂರಿನ ಸೆಂಟ್ರಲ್ ಕಾಲೇಜಿನಲ್ಲಿ ಎ.ಆರ್. ಕೃಷ್ಣಶಾಸ್ತ್ರಿಗಳ ಕೈಯಲ್ಲಿ ಹುಟ್ಟಿ, ಮುಂದೆ ಮೈಸೂರು ವಿಶ್ವವಿದ್ಯಾಲಯದ ಮನೆ ಸೇರಿದ ಕೂಸು ಅದು. ಧಾರವಾಡದವನಾದ ನನ್ನ ಬಾಯಿಗೆ ಮಾತ್ರ ಮೊದಲು ಬರುವ ಹೆಸರು ‘ಸಂಕ್ರಮಣ’.

ಅದರ ಮೇಲೆ ವಿಶ್ವವಿದ್ಯಾಲಯದ ಮುದ್ರೆ ಇರಲಿಲ್ಲ, ಖರೆ. ಆದರೆ 1964ರಲ್ಲಿ ಅದನ್ನು ಹೊರಡಿಸಿದ ಚಂದ್ರಶೇಖರ ಪಾಟೀಲ, ಗಿರಡ್ಡಿ ಗೋವಿಂದರಾಜ, ಸಿದ್ಧಲಿಂಗ ಪಟ್ಟಣಶೆಟ್ಟಿ ಮೂವರದೂ ಮಾಸ್ತರಿಕೆ. ಮೊದಲಿಬ್ಬರು ಇಂಗ್ಲಿಷಿನವರು, ಮೂರನೆಯವರು ಹಿಂದಿಯವರು. ಕನ್ನಡಕ್ಕಾಗಿ ದುಡಿಯಲು ಕನ್ನಡದ ಮಾಸ್ತರರೇ ಆಗಬೇಕಿಲ್ಲ ಎಂಬುದು ಗೋಕಾಕರನ್ನು ಕಂಡ ಊರಿಗೆ ಹೊಸ ಮಾತಲ್ಲ.

ಮುಂದೆ ಪತ್ರಿಕೆಯನ್ನು ಚಂಪಾ, ಅಂದರೆ ಪಾಟೀಲರು, ಒಬ್ಬರೇ ಹೊತ್ತರು. ಅವರು ಕರ್ನಾಟಕ ವಿಶ್ವವಿದ್ಯಾಲಯದಲ್ಲೇ ಇಂಗ್ಲಿಷ್ ಕಲಿಸುತ್ತಿದ್ದವರು. ನವ್ಯದ ಕಾಲಕ್ಕೆ ಹುಟ್ಟಿದ ‘ಸಂಕ್ರಮಣ’ ಬಂಡಾಯದ ಬೆನ್ನಿಗೆ ನಿಂತಿತು. 1975ರಲ್ಲಿ ಬಂದ ತುರ್ತುಪರಿಸ್ಥಿತಿಯಲ್ಲಿ ಸಂಪಾದಕರೇ ಸೆರೆಮನೆ ಕಂಡರು. ಇಂಥ ಧೈರ್ಯ ಟಿಪ್ಪಣಿ ಬರೆದು, ಮೇಲಿನವರ ಸಹಿ ಪಡೆದು ಬರುವಂಥದಲ್ಲ.

ಈ ಬಾಳಿಗೆ ಒಂದು ಕೊರತೆಯೂ ಉಂಟು. ಕಚೇರಿಯ ಪತ್ರಿಕೆಯ ಸಂಪಾದಕ ನಿವೃತ್ತನಾದರೆ ಅದೇ ಕುರ್ಚಿಗೆ ಇನ್ನೊಬ್ಬ ಬರುತ್ತಾನೆ. ಮನುಷ್ಯನ ಹೆಗಲ ಮೇಲೆ ನಡೆದ ಪತ್ರಿಕೆಗೆ ಆ ಕುರ್ಚಿಯೇ ಇಲ್ಲ. 2018ರಲ್ಲಿ ಗಿರಡ್ಡಿ ಹೋದರು, 2022ರ ಜನವರಿಯಲ್ಲಿ ಚಂಪಾ. ಇನ್ನು ಉಳಿಯುವವು ಹಳೆಯ ಸಂಚಿಕೆಗಳು. ಅಗ್ಗದ ಕಾಗದಕ್ಕೆ ಆಯುಷ್ಯ ಕಡಿಮೆ. ಯಾರದೋ ಅಟ್ಟದಲ್ಲಿ, ಯಾರದೋ ಟ್ರಂಕಿನಲ್ಲಿ ಇದ್ದವನ್ನು ಕೂಡಿಸಿ, ರಟ್ಟು ಕಟ್ಟಿಸಿ ಇಡುವವರು ಬೇಕು. ಹುಟ್ಟುವಾಗ ‘ಸಂಕ್ರಮಣ’ಕ್ಕೆ ವಿಶ್ವವಿದ್ಯಾಲಯದ ಮುದ್ರೆ ಬೇಕಾಗಿರಲಿಲ್ಲ, ಈಗ ಅದರ ಗ್ರಂಥಾಲಯದಲ್ಲಿ ಒಂದು ಕಪಾಟು ಬೇಕು.