ಅವಳನ್ನು ದಾಟಿ ಓಡಬೇಡಿ

ಇನ್ನೂ ಬೆಳಕು ಹರಿದಿಲ್ಲ. ಅರಿಝೋನಾದ ಚಿನ್ಲೆ ಊರಿನಾಚೆಯ ಕೆಂಪು ಮಣ್ಣಿನ ಬಯಲಲ್ಲಿ ಹುಡುಗಿಯೊಬ್ಬಳು ಪೂರ್ವಕ್ಕೆ ಮುಖ ಮಾಡಿ ಓಡುತ್ತಿದ್ದಾಳೆ. ಮಖಮಲ್ಲಿನ ರವಿಕೆ, ನೆರಿಗೆಯ ಉದ್ದ ಲಂಗ, ಸೊಂಟಕ್ಕೆ ಬಿಗಿದ ಕೆಂಪು ನೇಯ್ಗೆಯ ಪಟ್ಟಿ, ಕತ್ತಿನಲ್ಲಿ ಬೆಳ್ಳಿ ಮತ್ತು ಹಸಿರುನೀಲಿ ಫಿರೋಜಾ ಹರಳುಗಳ ಭಾರದ ಸರ. ಹೆಜ್ಜೆ ಹೆಜ್ಜೆಗೂ ಸರ ಎದೆಗೆ ಬಡಿದು ಸದ್ದು ಮಾಡುತ್ತದೆ. ಹಿಂದೆ ಅವಳ ತಮ್ಮಂದಿರು, ಚಿಕ್ಕಮ್ಮನ ಮಕ್ಕಳು, ಒಂದಿಬ್ಬರು ದೊಡ್ಡವರು ಕೂಗು ಹಾಕುತ್ತ ಬರುತ್ತಿದ್ದಾರೆ. ನೀವೂ ಸೇರಿಕೊಳ್ಳಿ. ಕಾಲಲ್ಲಿ ಎಷ್ಟೇ ಕಸುವಿದ್ದರೂ ಅವಳನ್ನು ಮಾತ್ರ ದಾಟಬೇಡಿ. ದಾಟಿದವರು ಅವಳಿಗಿಂತ ಮೊದಲೇ ಮುದುಕರಾಗುತ್ತಾರೆ ಎಂಬುದು ಇಲ್ಲಿಯವರ ನಂಬಿಕೆ.

ಹುಡುಗಿ ಮೈನೆರೆದಿದ್ದಾಳೆ. ನಾವು ನವಾಹೊ ಎಂದು ಕರೆಯುವ, ತಮ್ಮನ್ನು ತಾವು ಡಿನೆ ಎಂದು ಕರೆದುಕೊಳ್ಳುವ ಈ ಜನ, ಮನೆಯ ಮಗಳು ದೊಡ್ಡವಳಾದಾಗ ನಾಲ್ಕು ದಿನ ನಡೆಸುವ ವಿಧಿಯೇ ಕಿನಾಲ್ದಾ. ಪ್ರತಿ ಓಟವೂ ಹಿಂದಿನದಕ್ಕಿಂತ ದೂರ ಹೋಗಬೇಕು. ಈ ದಿನಗಳಲ್ಲಿ ಎಷ್ಟು ಗಟ್ಟಿಯಾಗಿ ಓಡಿದಳೋ ಅಷ್ಟು ಗಟ್ಟಿಯಾಗಿ ಬದುಕನ್ನೂ ನಡೆಸುತ್ತಾಳೆ ಎಂದು ಹಿರಿಯರು ಹೇಳುತ್ತಾರೆ. ಉಪ್ಪಿಲ್ಲ, ಸಿಹಿಯಿಲ್ಲ, ಹಗಲು ಮಲಗುವಂತಿಲ್ಲ. ನಮಗೆ ಏದುಸಿರು ಬಂದಿದೆ. ಅವಳು ಮರಳುವ ಜಾಗ ಮುಟ್ಟಿ, ತಿರುಗಿ, ಮತ್ತೆ ಓಡುತ್ತಿದ್ದಾಳೆ.

ವಾಪಸು ಬಂದರೆ ಹೋಗಾನ್ ಎದುರಾಗುತ್ತದೆ. ಮರದ ದಿಮ್ಮಿಗಳನ್ನು ಒಂದರ ಮೇಲೊಂದು ಜೋಡಿಸಿ, ಮೇಲೆ ಮಣ್ಣು ಹೊದಿಸಿದ ಎಂಟು ಮೂಲೆಯ ಮನೆ. ಬಾಗಿಲು ಪೂರ್ವಕ್ಕೇ ಇರಬೇಕು, ಮೊದಲ ಬಿಸಿಲು ನೇರ ಒಳಗೆ ಬರಬೇಕು. ಹೊಸ್ತಿಲು ದಾಟಿದ ಮೇಲೆ ಎಡಕ್ಕೆ ತಿರುಗಿ. ನಡುವಿನ ಒಲೆ ಬಲಗೈಗೆ ಬರುವಂತೆ, ನಮ್ಮ ದೇವಸ್ಥಾನದ ಪ್ರದಕ್ಷಿಣೆಯ ಹಾಗೆಯೇ, ಸೂರ್ಯ ಸಾಗುವ ದಿಕ್ಕಿನಲ್ಲಿ ಸುತ್ತಿ ನಿಮ್ಮ ಜಾಗಕ್ಕೆ ಹೋಗಿ. ಈ ಸುತ್ತಿನಲ್ಲೇ ಡಿನೆ ಜನರ ಚಿಂತನೆಯಿದೆ. ಪೂರ್ವವೆಂದರೆ ಆಲೋಚನೆ, ದಕ್ಷಿಣವೆಂದರೆ ಯೋಜನೆ, ಪಶ್ಚಿಮವೆಂದರೆ ಬಾಳುವುದು, ಉತ್ತರವೆಂದರೆ ಬಾಳಿದ್ದರಿಂದ ಬರುವ ಭರವಸೆ. ಮನುಷ್ಯ ಮಾಡುವ ಯಾವ ಕೆಲಸವೂ ಈ ನಾಲ್ಕನ್ನು ಇದೇ ಕ್ರಮದಲ್ಲಿ ಹಾದು ಬಂದರೇನೇ ನೆಟ್ಟಗಾಗುತ್ತದೆ.

ಒಳಗೆ ಹುಡುಗಿ ಮಂಡಿಯೂರಿ ಚಪ್ಪಟೆ ಕಲ್ಲಿನ ಮೇಲೆ ಮೆಕ್ಕೆಜೋಳ ಅರೆಯುತ್ತಿದ್ದಾಳೆ. ಬೆರಳ ಗೆಣ್ಣುಗಳು ಕೆಂಪಾಗಿವೆ, ಮುಂಗೈವರೆಗೂ ಹಿಟ್ಟು ಹತ್ತಿದೆ. ಪಕ್ಕದಲ್ಲಿ ಕುಳಿತ ಅಜ್ಜಿ ಬೆರಳಲ್ಲಿ ಹಿಟ್ಟು ತಿಕ್ಕಿ ನೋಡಿ, "ಇನ್ನೂ ನುಣ್ಣಗಾಗಬೇಕು, ಮಗಳೇ" ಎನ್ನುತ್ತಾಳೆ. ಹುಡುಗಿ ಮರುಮಾತಾಡದೆ ಆ ಹಿಟ್ಟನ್ನು ಮತ್ತೆ ಕಲ್ಲಿಗೆ ಸುರಿದುಕೊಳ್ಳುತ್ತಾಳೆ.

ಅಜ್ಜಿಯ ಬಾಯಲ್ಲಿ ಕತೆಯಿದೆ. ಲೋಕದಲ್ಲಿ ರಾಕ್ಷಸರು ತುಂಬಿಕೊಂಡು ಜನ ನಾಶವಾಗುತ್ತಿದ್ದ ಕಾಲ. ಬೆಟ್ಟದ ತುದಿಯಲ್ಲಿ ಒಂದು ಹೆಣ್ಣುಕೂಸು ಸಿಕ್ಕಿತು. ಆ ಕೂಸೇ ಬೆಳೆದು, ಮುಪ್ಪಾಗಿ ಮತ್ತೆ ಹರೆಯಕ್ಕೆ ಮರಳುವ, ಋತುಗಳಂತೆ ಬದಲಾಗುತ್ತಲೇ ಇರುವ ತಾಯಿಯಾದಳು. ಮೊಟ್ಟಮೊದಲ ಕಿನಾಲ್ದಾ ನಡೆದದ್ದು ಅವಳಿಗೆ. ಅವಳು ಸೂರ್ಯನಿಂದ ಪಡೆದ ಅವಳಿ ಮಕ್ಕಳು ರಾಕ್ಷಸರನ್ನು ಕೊಂದರು. ಆದರೆ ಕೆಲವರನ್ನು ಉಳಿಸಿದರು: ಹಸಿವು, ಬಡತನ, ಮುಪ್ಪು. ಹಸಿವಿಲ್ಲದಿದ್ದರೆ ಉಣ್ಣುವ ಸುಖವಿಲ್ಲ. ಮುಪ್ಪಿಲ್ಲದಿದ್ದರೆ ಎಳೆಯರು ಬೆಳೆದು ದೊಡ್ಡವರಾಗಬೇಕಾದ ಅಗತ್ಯವೇ ಇಲ್ಲ. ಕೇಡನ್ನೆಲ್ಲ ಬೇರುಸಹಿತ ಕಿತ್ತೊಗೆಯುವ ಆಸೆ ಈ ಕತೆಗಿಲ್ಲ. ಯಾವುದರ ಜೊತೆ ಬಾಳಬೇಕು ಎಂಬ ವಿವೇಕ ಅದಕ್ಕಿದೆ.

ಕೊನೆಯ ಸಂಜೆಯ ಹೊತ್ತಿಗೆ ಅಂಗಳದಲ್ಲಿ ದುಂಡಗೆ ತೋಡಿದ ಗುಂಡಿ ನಿಗಿನಿಗಿ ಕಾದಿದೆ. ಹೆಂಗಸರು ಕೆಂಡ ಎತ್ತಿ ಹೊರಗೆ ಹಾಕುತ್ತಿದ್ದಾರೆ. ಬಿಸಿನೀರಿಗೆ ಸುರಿದ ಜೋಳದ ಹಿಟ್ಟನ್ನು ಕಡ್ಡಿಗಳ ಕಟ್ಟಿನಿಂದ ಗಂಟಾಗದಂತೆ ತೊಳಸಿ ತೊಳಸಿ ಎಲ್ಲರ ರಟ್ಟೆ ಸೋತಿದೆ. ಗುಂಡಿಯ ತಳಕ್ಕೆ ಜೋಳದ ತೆನೆಯ ಸಿಪ್ಪೆ ಹಾಸಿ ಹಿಟ್ಟು ಹುಯ್ಯುತ್ತಾರೆ. ಹುಡುಗಿ ಒಂದು ಹಿಡಿ ಒಣಹಿಟ್ಟು ತೆಗೆದುಕೊಂಡು ನಾಲ್ಕು ದಿಕ್ಕಿಗೂ ಉದುರಿಸುತ್ತಾಳೆ. ಮೇಲೆ ಮತ್ತೆ ಸಿಪ್ಪೆ, ಅದರ ಮೇಲೆ ಮಣ್ಣು, ಮಣ್ಣಿನ ಮೇಲೆ ಬೆಂಕಿ. ಇಡೀ ರಾತ್ರಿ ಈ ಬೆಂಕಿ ಆರಕೂಡದು.

ಕತ್ತಲಾದ ಮೇಲೆ ಹೋಗಾನ್ ತುಂಬುತ್ತದೆ. ಬಾಗಿಲಿಗೆ ಎದುರಾದ ಪಡುವಣ ಬದಿಯಲ್ಲಿ ಹಾಡುಗಾರ, ಅಂದರೆ ಹತಾಲಿ, ಕುಳಿತಿದ್ದಾನೆ. ಅವನ ಬಳಿ ಹುಡುಗಿ, ಬೆನ್ನು ನೆಟ್ಟಗೆ. ವರ್ಷಗಟ್ಟಲೆ ಗುರುವಿನ ಹಿಂದೆ ಓಡಾಡಿ ಬಾಯಿಪಾಠ ಮಾಡಿದ ಹಾಡುಗಳೇ ಅವನ ವಿದ್ಯೆ. ಒಂದು ಮಾತು ತಪ್ಪಬಾರದು, ಸರದಿ ಕೆಡಬಾರದು. ಜೋಳದ ಪರಾಗದ ಚೀಲ ಕೈಯಿಂದ ಕೈಗೆ ಬರುತ್ತದೆ. ಚಿಟಿಕೆ ತೆಗೆದು ನಾಲಗೆಗೆ ಮುಟ್ಟಿಸಿ, ನೆತ್ತಿಗೆ ಮುಟ್ಟಿಸಿ, ಉಳಿದದ್ದನ್ನು ಮುಂದಕ್ಕೆ ಚೆಲ್ಲಿ. ಹಳದಿ ಪುಡಿ ನಾಲಗೆಯ ಮೇಲೆ ಮಣ್ಣಿನ ವಾಸನೆಯೊಡನೆ ಕರಗುತ್ತದೆ.

ಹಾಡು ಶುರುವಾಗುತ್ತದೆ. ವಾದ್ಯವಿಲ್ಲ, ಬರೀ ಕೊರಳು. ಮೊದಲು ಹೋಗಾನ್‌ನ ಹಾಡುಗಳು. ಅವುಗಳ ಜೊತೆ ಡಿನೆ ನಾಡಿನ ಮೇರೆಗಳಾದ ನಾಲ್ಕು ಬೆಟ್ಟಗಳನ್ನು ಈಗ ಮನಸ್ಸಿನಲ್ಲಿ ಸುತ್ತಿಬನ್ನಿ. ಪೂರ್ವಕ್ಕೆ ಬ್ಲಾಂಕಾ ಶಿಖರ, ಅದರ ಗುರುತು ಬಿಳಿ ಚಿಪ್ಪು. ದಕ್ಷಿಣಕ್ಕೆ ಮೌಂಟ್ ಟೇಲರ್, ಫಿರೋಜಾ. ಪಶ್ಚಿಮಕ್ಕೆ ಸ್ಯಾನ್ ಫ್ರಾನ್ಸಿಸ್ಕೊ ಶಿಖರಗಳು, ಅಬಲೋನಿ ಚಿಪ್ಪು. ಉತ್ತರಕ್ಕೆ ಹೆಸ್ಪೆರಸ್, ಕರಿಯ ಜೆಟ್ ಕಲ್ಲು. ಇವುಗಳ ನಡುವಿನ ನೆಲವೇ ದೊಡ್ಡ ಹೋಗಾನ್.

ಆ ಮನೆಯಿಂದ ಇವರನ್ನು ಒಮ್ಮೆ ಹೊರಗೆ ಎಳೆದು ಹಾಕಿದ್ದರು. 1864ರಲ್ಲಿ ಅಮೆರಿಕದ ಸೈನ್ಯ ಹೊಲ, ತೋಟಗಳನ್ನು ಸುಟ್ಟು, 8,000ಕ್ಕೂ ಹೆಚ್ಚು ಜನರನ್ನು ನೂರಾರು ಕಿಲೋಮೀಟರ್ ದೂರದ ಬೋಸ್ಕ್ ರೆಡೊಂಡೊ ಎಂಬ ಬಂಧನದ ನೆಲೆಗೆ ನಡೆಸಿಕೊಂಡು ಹೋಯಿತು. ದಾರಿಯಲ್ಲೂ ಅಲ್ಲಿಯೂ ಸತ್ತವರು ಬಹಳ. 1868ರಲ್ಲಿ ಆ ಸೈನ್ಯದ ಜನರಲ್ ಶೆರ್ಮನ್ ಮುಂದೆ ನಿಂತ ಡಿನೆ ಮುಖಂಡ ಬಾರ್ಬೊನ್ಸಿಟೊ, ನಮ್ಮನ್ನು ಸೃಷ್ಟಿಸಿದಾಗಲೇ ನಾಲ್ಕು ಬೆಟ್ಟ, ನಾಲ್ಕು ನದಿ ತೋರಿಸಿ ಅವುಗಳ ಒಳಗೇ ಬಾಳಬೇಕೆಂದು ಹೇಳಿದ್ದರು ಎಂದು ವಾದಿಸಿದ. ಜೂನ್ 1ರ ಒಪ್ಪಂದದ ನಂತರ ಜನ ತಮ್ಮ ನೆಲಕ್ಕೆ ಮರಳಿದರು. ಅವನ ವಾದಕ್ಕೆ ಬಲ ಕೊಟ್ಟದ್ದು ಈ ಹಾಡುಗಳಲ್ಲಿರುವ ಭೂಪಟವೇ.

ಬೆಟ್ಟಗಳಿಗೆ ಇನ್ನೂ ನೆಮ್ಮದಿಯಿಲ್ಲ. ಪಡುವಣದ ಸ್ಯಾನ್ ಫ್ರಾನ್ಸಿಸ್ಕೊ ಶಿಖರಗಳಲ್ಲಿ ಸ್ಕೀ ಆಟಕ್ಕೆಂದು ಸಂಸ್ಕರಿಸಿದ ಚರಂಡಿ ನೀರಿನಿಂದ ಕೃತಕ ಹಿಮ ಮಾಡುವುದನ್ನು ನವಾಹೊ ಮತ್ತು ಇತರ ಬುಡಕಟ್ಟುಗಳು ನ್ಯಾಯಾಲಯದಲ್ಲಿ ವಿರೋಧಿಸಿದವು. 2008ರಲ್ಲಿ ಮೇಲ್ಮನವಿ ನ್ಯಾಯಾಲಯ ಅವರ ಮಾತನ್ನು ಒಪ್ಪಲಿಲ್ಲ. ಬೆಟ್ಟವನ್ನು ಜೀವಂತ ದೇಹವೆಂದು ಕಾಣುವವರಿಗೆ ಇದು ಮೈಮೇಲೆ ಕೊಳೆ ಸುರಿದಂತೆ. ಇದನ್ನು ಬರೀ ಮನಸ್ಸಿನ ಬೇಸರವೆಂದು ತಳ್ಳಿಹಾಕಿದ್ದು ಅನ್ಯಾಯ.

ನಡುರಾತ್ರಿ ಕಳೆಯಿತು. ಹುಡುಗಿಯ ತಲೆ ತೂಗುತ್ತದೆ. ಚಿಕ್ಕಮ್ಮ ಮೊಣಕೈಯಿಂದ ಮೆಲ್ಲಗೆ ತಿವಿಯುತ್ತಾಳೆ. ನಿಮ್ಮ ಕಣ್ಣೂ ಎಳೆಯುತ್ತಿದೆ, ಆದರೆ ಮಲಗಬೇಡಿ. ಇಲ್ಲಿ ಕೂತ ಒಬ್ಬೊಬ್ಬರ ಎಚ್ಚರವೂ ಅವಳಿಗೆ ಆಸರೆ. ಡಿನೆ ಜನ ಹೊಝೋ ಎನ್ನುವುದು ಚೆಲುವು, ಆರೋಗ್ಯ, ಸಾಮರಸ್ಯ ಎಲ್ಲ ಒಂದಾಗಿರುವ ಸ್ಥಿತಿಗೆ. ಕಾಯಿಲೆಯೆಂದರೆ ಅದು ಕದಡಿದೆ ಎಂದರ್ಥ. ಅದನ್ನು ಮತ್ತೆ ನೆಲೆಗೊಳಿಸಲು ಬೇರೆ ಬೇರೆ ಹಾಡುವಿಧಿಗಳಿವೆ. ಕಿನಾಲ್ದಾ ಮಾತ್ರ ಕದಡುವ ಮೊದಲೇ ಕಾಪಾಡುವ, ಹರಸುವ ವಿಧಿಗಳ ಸಾಲಿಗೆ ಸೇರಿದ್ದು. ಹೊಝೋ ತಾನಾಗಿ ಇಳಿದು ಬರುವುದಿಲ್ಲ. ಅರೆದು, ಓಡಿ, ಹಾಡಿ, ನಿದ್ದೆಗೆಟ್ಟು ಅದನ್ನು ಮಾಡಿಕೊಳ್ಳಬೇಕು.

ಬೆಳಗಿನ ಹಾಡು ಬಂತು. ಯುಕ್ಕಾ ಗಿಡದ ಬೇರನ್ನು ಜಜ್ಜಿ ಎಬ್ಬಿಸಿದ ಬಿಳಿ ನೊರೆಯಲ್ಲಿ ಹುಡುಗಿಯ ಕೂದಲು ತೊಳೆಯುತ್ತಾರೆ, ಒಡವೆಗಳನ್ನೂ ತೊಳೆಯುತ್ತಾರೆ. ಒದ್ದೆ ಕೂದಲಲ್ಲೇ ಅವಳು ಕೊನೆಯ ಓಟಕ್ಕೆ ಹೊರಡುತ್ತಾಳೆ. ಮರಳುವಷ್ಟರಲ್ಲಿ ಗುಂಡಿ ತೆರೆದಿದ್ದಾರೆ. ಸುಟ್ಟ ಸಿಪ್ಪೆಯ, ಬೆಂದ ಜೋಳದ ಪರಿಮಳ. ಒಳಗೆ ಗಾಡಿಯ ಚಕ್ರದಷ್ಟು ದೊಡ್ಡ ಕಂದು ರೊಟ್ಟಿ, ಆಲ್ಕಾನ್. ನಡುವಿನ ಭಾಗ ಹಾಡುಗಾರನಿಗೆ. ಉಳಿದದ್ದನ್ನು ಹುಡುಗಿ ಕೈಯಾರೆ ಹಂಚುತ್ತಾಳೆ, ರಾತ್ರಿಯೆಲ್ಲ ಹಾಡಿದವರಿಗೆ, ಸೌದೆ ತಂದವರಿಗೆ, ನಿಮಗೆ. ಅವಳು ಮಾತ್ರ ಅದರಲ್ಲಿ ಒಂದು ತುಣುಕನ್ನೂ ತಿನ್ನುವುದಿಲ್ಲ. ಹೆಣ್ಣಾಗಿ ಅವಳು ಕಲಿಯುವ ಮೊದಲ ಪಾಠ ದುಡಿದದ್ದನ್ನು ಕೊಡುವುದು.

ಆಮೇಲೆ ಅವಳು ಕಂಬಳಿಯ ಮೇಲೆ ಮಲಗುತ್ತಾಳೆ. ಎಲ್ಲರೂ ಗೌರವಿಸುವ ಹಿರಿಯಳೊಬ್ಬಳು ಅವಳ ಭುಜ, ಬೆನ್ನು, ಕಾಲುಗಳನ್ನು ಒತ್ತಿ ತಿದ್ದುತ್ತಾಳೆ. ಈ ಹೊತ್ತಿನಲ್ಲಿ ಹುಡುಗಿಯ ಮೈ ಹಸುಗೂಸಿನ ಮೈಯಷ್ಟು ಮೆದು, ಒತ್ತಿದವಳ ಗುಣ ಅದರಲ್ಲಿ ಇಳಿಯುತ್ತದೆ ಎಂದು ನಂಬಿಕೆ. ಅದಕ್ಕೇ ತಿದ್ದುವವಳನ್ನು ತಾಯಿ ಬಹಳ ಯೋಚಿಸಿ ಆರಿಸುತ್ತಾಳೆ.

ನಿಮ್ಮನ್ನು ಯಾವುದಾದರೂ ಡಿನೆ ಕುಟುಂಬ ಇಂಥ ರಾತ್ರಿಗೆ ಕರೆದರೆ, ಅದು ದೊಡ್ಡ ಮರ್ಯಾದೆ ಎಂದು ತಿಳಿಯಿರಿ. ಸೌದೆಯನ್ನೋ ಹಿಟ್ಟನ್ನೋ ಒಯ್ಯಿರಿ. ಕ್ಯಾಮರಾ, ಫೋನು ಹೊರತೆಗೆಯಬೇಡಿ. ಪ್ರಶ್ನೆಗಳ ಮಳೆ ಸುರಿಸಬೇಡಿ. ಬೆಳಗಿನವರೆಗೆ ಎಚ್ಚರವಾಗಿರಿ. ಈ ಧರ್ಮದಲ್ಲಿ ಅತಿಥಿಗೂ ಒಂದು ಕೆಲಸವಿದೆ, ಅದನ್ನು ಪೂರ್ತಿ ಮಾಡಿ ಬನ್ನಿ.