ಹಿತ್ತಲ ತರಕಾರಿಯ ಬೆಲೆ

ಟೈನ್‌ಹ್ಯಾಮ್‌ನವರನ್ನು ಊರು ಬಿಡಿಸಿದಾಗ ಒಕ್ಕಲುಗಳ ಕೈಗೆ ಬಂದ ಪರಿಹಾರ ಹಿತ್ತಲಲ್ಲಿ ಬೆಳೆದು ನಿಂತಿದ್ದ ತರಕಾರಿಯ ಬೆಲೆ ಮಾತ್ರ. ಮನೆ, ಹೊಲ, ಹುಲ್ಲುಗಾವಲು ಎಲ್ಲ ಬಾಂಡ್ ಮನೆತನದ್ದು. ಕೋಸು, ಈರುಳ್ಳಿ ಮಡಿಗಳನ್ನು ಬಿಟ್ಟರೆ ಇದು ನನ್ನದು ಎಂದು ತೋರಿಸಲು ಅವರಿಗೆ ಇನ್ನೇನಿತ್ತು?

ಇಂಗ್ಲೆಂಡಿನ ದಕ್ಷಿಣಕ್ಕೆ, ಡಾರ್ಸೆಟ್ ಕರಾವಳಿಯ ಪರ್ಬೆಕ್ ಗುಡ್ಡಗಳ ಮಡಿಲಲ್ಲಿದೆ ಈ ಊರು. ತುಸು ನಡೆದರೆ ವರ್ಬ್ಯಾರೊ ಕೊಲ್ಲಿ, ಅಲ್ಲಿ ಬೆಸ್ತರ ಮನೆಗಳು. 1943ರ ನವೆಂಬರಿನಲ್ಲಿ ಮನೆಮನೆಗೂ ಯುದ್ಧ ಇಲಾಖೆಯ ಕಾಗದ ಬಂತು. ಟ್ಯಾಂಕುಗಳ ಗುಂಡಿನ ತಾಲೀಮಿಗೆ ಜಾಗ ಸಾಲದು, ಡಿಸೆಂಬರ್ 19ರೊಳಗೆ ಖಾಲಿ ಮಾಡಿ. ಸುಮಾರು 225 ಜನ ಗಂಟುಮೂಟೆ ಕಟ್ಟಿದರು. ಕ್ರಿಸ್‌ಮಸ್‌ಗೆ ಇನ್ನೂ ವಾರವೂ ಇರಲಿಲ್ಲ.

ಹೊರಡುವಾಗ ಚರ್ಚಿನ ಬಾಗಿಲಿಗೆ ಒಂದು ಚೀಟಿ ಅಂಟಿಸಿದರು. ಚರ್ಚನ್ನೂ ಮನೆಗಳನ್ನೂ ಜೋಪಾನವಾಗಿ ನೋಡಿಕೊಳ್ಳಿ, ತಲೆಮಾರುಗಳಿಂದ ಬಾಳಿದ ಮನೆಗಳನ್ನು ಯುದ್ಧ ಗೆಲ್ಲಲೆಂದು ಬಿಟ್ಟುಕೊಟ್ಟಿದ್ದೇವೆ, ಒಂದು ದಿನ ಮರಳಿ ಬರುತ್ತೇವೆ ಎಂದು ಬರೆದು, ಕೊನೆಗೆ ಕೃತಜ್ಞತೆಯನ್ನೂ ಹೇಳಿದ್ದರು. ನನ್ನನ್ನು ಕಾಡುವುದು ಆ ಕೃತಜ್ಞತೆಯೇ. ನಮ್ಮ ಕಡೆಯವರಾಗಿದ್ದರೆ ಹಿಡಿಮಣ್ಣು ತೂರಿ ಶಾಪ ಹಾಕಿಯೇ ಹೊರಡುತ್ತಿದ್ದರು.

ಯುದ್ಧ ಮುಗಿಯಿತು. 1948ರಲ್ಲಿ ಸರ್ಕಾರ ಆ ನೆಲವನ್ನು ಕಡ್ಡಾಯವಾಗಿ ಕೊಂಡು ಸೇನೆಗೇ ಉಳಿಸಿಕೊಂಡಿತು. ಬಾಂಡ್‌ರ ಎಲಿಜಬೆತ್ ಕಾಲದ ದೊಡ್ಡಮನೆಯ ಬಹುಭಾಗವನ್ನು 1960ರ ದಶಕದಲ್ಲಿ ಕೆಡವಿದರು. ಹೋರಾಟಗಳು ನಡೆದವು. 1975ರ ಹೊತ್ತಿಗೆ ಸಿಕ್ಕಿದ್ದು ವಾರಾಂತ್ಯದಲ್ಲಿ ನಡೆದಾಡಲು ಕಾಲುದಾರಿ.

ನಾವು ಹೋದದ್ದು ಭಾನುವಾರ, ತೋಪುಗಳಿಗೆ ರಜೆ. ಅಂಚೆಮನೆಯ ಸಾಲಿಗೆ ಸೂರಿಲ್ಲ. ಒಲೆಯ ಗೂಡುಗಳು ಮಾತ್ರ ಗೋಡೆಯಲ್ಲಿ ಬಾಯ್ದೆರೆದುಕೊಂಡಿವೆ. ಶಾಲೆಯನ್ನು ರಿಪೇರಿ ಮಾಡಿ ಹಳೆಯ ಅಂದಕ್ಕೆ ತಂದಿದ್ದಾರೆ. ಕೋಟು ನೇತುಹಾಕುವ ಗೂಟಗಳ ಮೇಲೆ ಮಕ್ಕಳ ಹೆಸರುಗಳಿವೆ. ನೋಡಲು ಬಂದ ಹೆಂಗಸರು ಅಲ್ಲಿ ನಿಂತು ಕಣ್ಣೊರೆಸಿಕೊಳ್ಳುವುದುಂಟು. ಆದರೆ ಆ ಶಾಲೆಯನ್ನು ಮುಚ್ಚಿಸಿದ್ದು ಸೈನ್ಯವಲ್ಲ. ಕೊಲ್ಲಿಯ ಕರಾವಳಿ ಕಾವಲು ಪಡೆಯವರು ಸಂಸಾರ ಸಮೇತ ಹೊರಟುಹೋದ ಮೇಲೆ ಮಕ್ಕಳು ಕಡಿಮೆಯಾಗುತ್ತ ಬಂದು, 1932ರಲ್ಲೇ ಅದರ ಬಾಗಿಲು ಹಾಕಿತ್ತು. ಊರಿಗೆ ಕರೆಂಟೂ ಇರಲಿಲ್ಲ. ಬೇರೆಡೆ ಸರ್ಕಾರಿ ಮನೆಗಳಿಗೆ ಹೋದವರಲ್ಲಿ ಕೆಲವರು ಮೊದಲ ಬಾರಿಗೆ ಮನೆಯೊಳಗೇ ನಲ್ಲಿ ತಿರುಗಿಸಿದರು, ದೀಪದ ಸ್ವಿಚ್ ಒತ್ತಿದರು. ಅವರೆಲ್ಲ ಹಗಲಿರುಳು ಟೈನ್‌ಹ್ಯಾಮನ್ನೇ ನೆನೆದು ಕೊರಗಿದರು ಎಂದರೆ ನಾನಂತೂ ನಂಬಲಾರೆ.

ಹಾಗಾದರೆ ಕಳೆದುಹೋದದ್ದೇನು? ಯುದ್ಧ ಬರದಿದ್ದರೂ ಊರು ಬಡವಾಗುತ್ತಿತ್ತು. ಆಮೇಲೆ ಲಂಡನ್ನಿನ ಯಾರೋ ವಾರಾಂತ್ಯಕ್ಕೆಂದು ಆ ಕಲ್ಲುಮನೆಗಳನ್ನು ಕೊಂಡು ಸುಣ್ಣಬಣ್ಣ ಬಳಿಯುತ್ತಿದ್ದರು, ಆ ಸೀಮೆಯ ಎಷ್ಟೋ ಹಳ್ಳಿಗಳಿಗೆ ಆದದ್ದು ಅದೇ. ತಾನಾಗಿ ಸೊರಗುವ, ತಾನಾಗಿ ಬದಲಾಗುವ ಹಕ್ಕು ಊರಿಗಿತ್ತು; ಸೈನ್ಯ ಕಸಿದುಕೊಂಡದ್ದು ಅದನ್ನು. ವಿಚಿತ್ರವೆಂದರೆ ಗುಂಡು ಬೀಳುವ ನೆಲದಲ್ಲಿ ಟ್ರಾಕ್ಟರಿಲ್ಲ, ಕೀಟನಾಶಕವಿಲ್ಲ. ಬೇರೆಡೆ ಅಪರೂಪವಾದ ಹುಲ್ಲುಹೂಗಳೂ ಚಿಟ್ಟೆಗಳೂ ಅಲ್ಲಿ ಹಾಯಾಗಿವೆ.

ಅಂಚೆಮನೆಯ ಮುಂದೆ ಕಾಂಕ್ರೀಟಿನ ಹಳೇ ಮಾದರಿಯ ಫೋನ್ ಗೂಡೊಂದಿದೆ. ಎಲ್ಲರೂ ಫೋಟೊ ತೆಗೆಸಿಕೊಳ್ಳುವುದು ಅದರ ಮುಂದೆಯೇ. ಊರಿನ ಅಸಲಿ ಗೂಡು 1980ರ ದಶಕದಲ್ಲಿ ‘ಕಾಮ್ರೇಡ್ಸ್’ ಸಿನಿಮಾದ ಚಿತ್ರೀಕರಣದ ವೇಳೆ ಒಡೆದುಹೋಗಿ, ಈಗಿರುವುದು ಆಮೇಲೆ ತಂದು ನಿಲ್ಲಿಸಿದ್ದು. ಆ ಸಿನಿಮಾದ ಕಥೆಯೋ, ಇದೇ ಡಾರ್ಸೆಟ್‌ನ ಟಾಲ್‌ಪಡಲ್ ಹಳ್ಳಿಯ ಕೂಲಿಗಳು ಸಂಘ ಕಟ್ಟಿದ ತಪ್ಪಿಗೆ 1834ರಲ್ಲಿ ಆಸ್ಟ್ರೇಲಿಯಕ್ಕೆ ಗಡೀಪಾರಾದದ್ದು. ಅವರಿಗೆ ಕ್ಷಮಾದಾನ ಸಿಕ್ಕಿತು, ಮರಳಿ ಬರುವ ಹಡಗೂ ಸಿಕ್ಕಿತು.