ಆಟಕ್ಕುಂಟು, ಲೆಕ್ಕಕ್ಕಿಲ್ಲ

ಅಕ್ಕನ ಫೋನ್ ಬಂದಾಗ ರಾತ್ರಿ ಒಂಬತ್ತೂವರೆ. "ಏನಾದ್ರೂ ಮಾಡೋ, ಊಟ ಬಿಟ್ಟು ಮುಸುಕು ಹಾಕ್ಕೊಂಡು ಮಲಗಿದಾನೆ. ಅದೇನೋ ವಜ್ರ ಕಳೆದುಹೋಯ್ತಂತೆ" ಅಂದಳು. 2020ರ ಜುಲೈ ತಿಂಗಳು, ಶಾಲೆಗಳು ಮುಚ್ಚಿ ನಾಲ್ಕು ತಿಂಗಳಾಗಿತ್ತು. ವಜ್ರ ಕಳೆದುಕೊಂಡವನು ಅವಳ ಮಗ, ಒಂಬತ್ತು ವರ್ಷದ ಪುಟ್ಟ. ಕಳೆದದ್ದು ಶಿವಮೊಗ್ಗದ ಅವರ ಮನೆಯಲ್ಲಲ್ಲ, ಬೆಂಗಳೂರಿನ ನಮ್ಮ ಮನೆಯಲ್ಲಿ, ಚಪ್ಪಲಿ ಸ್ಟ್ಯಾಂಡಿನ ಮೇಲೆ ಸದಾ ಗುಂಯ್ ಅನ್ನುತ್ತಿದ್ದ ಹಳೇ ಲ್ಯಾಪ್‌ಟಾಪಿನೊಳಗೆ.

ಆ ಲ್ಯಾಪ್‌ಟಾಪಿನಲ್ಲಿ ನಾನು ಮಕ್ಕಳಿಗಾಗಿ ಮೈನ್‌ಕ್ರಾಫ್ಟ್ ಸರ್ವರ್ ಒಂದನ್ನು ನಡೆಸುತ್ತಿದ್ದೆ. ಆಟ ಗೊತ್ತಿಲ್ಲದವರಿಗೆ ಎರಡು ಮಾತು: ಸ್ವೀಡನ್ನಿನ ಮಾರ್ಕಸ್ ಪೆರ್ಸನ್ ಶುರುಮಾಡಿದ್ದು ಇದು. 2011ರ ನವೆಂಬರಿನಲ್ಲಿ ಪೂರ್ಣರೂಪದಲ್ಲಿ ಹೊರಬಂತು, 2014ರಲ್ಲಿ ಮೈಕ್ರೋಸಾಫ್ಟ್ 250 ಕೋಟಿ ಡಾಲರಿಗೆ ಕಂಪನಿಯನ್ನೇ ಕೊಂಡುಕೊಂಡಿತು. ಇಡೀ ಜಗತ್ತು ಚೌಕ ಚೌಕ. ಮರ ಕಡಿಯಬೇಕು, ಕಲ್ಲು ಒಡೆಯಬೇಕು, ಕತ್ತಲಾಗುವುದರೊಳಗೆ ಒಂದು ಸೂರು ಮಾಡಿಕೊಳ್ಳಬೇಕು. ಅಲ್ಲಿಯ ಹಗಲು ನಮ್ಮ ಲೆಕ್ಕದಲ್ಲಿ ಹತ್ತೇ ನಿಮಿಷ. ರಾತ್ರಿ ಅಸ್ಥಿಪಂಜರಗಳು ಬಿಲ್ಲು ಹಿಡಿದು ಬರುತ್ತವೆ. ಸತ್ತರೆ ಕೈಲಿದ್ದ ಸಾಮಾನೆಲ್ಲ ಸತ್ತ ಜಾಗದಲ್ಲೇ ಚೆಲ್ಲಿಹೋಗುತ್ತದೆ. ಐದು ನಿಮಿಷದೊಳಗೆ ಓಡಿಹೋಗಿ ಆರಿಸಿಕೊಂಡರೆ ಬಚಾವು, ಇಲ್ಲದಿದ್ದರೆ ಮಾಯ. ಲಾವಾದಲ್ಲಿ ಬಿದ್ದು ಸತ್ತರೆ ಆ ಐದು ನಿಮಿಷವೂ ಇಲ್ಲ, ಸಾಮಾನು ಅಲ್ಲೇ ಸುಟ್ಟುಹೋಗುತ್ತದೆ. ಪುಟ್ಟ ಬಿದ್ದದ್ದು ಲಾವಾಕ್ಕೆ. ಮೂರು ದಿನ ಅಗೆದು ಸಂಪಾದಿಸಿದ್ದ ಹನ್ನೊಂದು ವಜ್ರ ಹೋದವು.

ಆಡುವವರು ಮೂವರು. ಹನ್ನೆರಡರ ನನ್ನ ಮಗಳು, ಹುಬ್ಬಳ್ಳಿಯಲ್ಲಿರುವ ಅಣ್ಣನ ಹದಿಮೂರರ ಮಗ, ಮತ್ತು ಪುಟ್ಟ. ರೂಟರಿನಲ್ಲಿ 25565ನೇ ಪೋರ್ಟ್ ತೆರೆದು, ಮೂವರ ಹೆಸರನ್ನು ಪಟ್ಟಿಗೆ ಸೇರಿಸಿ, ಬೇರೆ ಯಾರೂ ನುಸುಳದಂತೆ ಮಾಡುವಷ್ಟರಲ್ಲಿ ನನ್ನ ಎರಡು ಭಾನುವಾರ ಹೋಗಿದ್ದವು. ಹೆಮ್ಮೆಯಿತ್ತು ಎಂದು ಒಪ್ಪಿಕೊಳ್ಳುತ್ತೇನೆ. ಆಫೀಸಿನಲ್ಲಿ ನನ್ನ ಮಾತಿಗೆ ಕಂಪ್ಯೂಟರೂ ಸೇರಿದಂತೆ ಯಾರೂ ಕಿವಿಗೊಡುತ್ತಿರಲಿಲ್ಲ. ಇಲ್ಲಿ ಒಂದು ಕಪ್ಪು ಪರದೆ, ಅದರಲ್ಲಿ ಮಿಣುಕುವ ಗೆರೆ. ನಾನು ಬರೆದದ್ದು ಆ ಜಗತ್ತಿನಲ್ಲಿ ಕೂಡಲೇ ನಡೆಯುತ್ತಿತ್ತು.

ಆ ಪರದೆಯಲ್ಲಿ ಬರೆಯಬಹುದಾದ ಒಂದು ಆಜ್ಞೆ ಗೇಮ್‌ಮೋಡ್. ಅದರ ಮುಂದೆ ಯಾವ ಮೋಡ್, ಯಾರಿಗೆ ಎಂದು ಬರೆದರೆ ಮುಗಿಯಿತು. ಸರ್ವೈವಲ್ ಅಂದರೆ ಹಸಿವು, ಗಾಯ, ಸಾವು ಎಲ್ಲ ಇರುವ ಮಾಮೂಲು ಬದುಕು. ಕ್ರಿಯೇಟಿವ್ ಅಂದರೆ ಸಾವಿಲ್ಲ, ಬೇಕಾದ ವಸ್ತು ಬೇಕಾದಷ್ಟು, ಹಾರಲೂಬಹುದು. ಅಡ್ವೆಂಚರಿನಲ್ಲಿ ಓಡಾಡಬಹುದು, ಆದರೆ ಏನನ್ನೂ ಒಡೆಯುವಂತಿಲ್ಲ. ಅಣ್ಣನ ಮಗ ಒಮ್ಮೆ ನನ್ನ ಮಗಳ ಗೋಡೆ ಕೆಡವಿದಾಗ ಅವನನ್ನು ಅರ್ಧ ಗಂಟೆ ಅಲ್ಲಿ ಕೂರಿಸಿದ್ದೆ. ನಾಲ್ಕನೆಯದು ಸ್ಪೆಕ್ಟೇಟರ್. ದೇಹವೇ ಇಲ್ಲದೆ ಗೋಡೆಯೊಳಗೆ ತೂರಿಕೊಂಡು ನೋಡುತ್ತ ಅಲೆಯುವುದು. ಅದನ್ನು ನಾನು ನನಗೇ ಹಾಕಿಕೊಂಡು ಮಕ್ಕಳ ಹಿಂದೆ ಸುಳಿದಾಡುತ್ತಿದ್ದೆ. ಯಾರಿಗೂ ಕಾಣುವುದಿಲ್ಲವೆಂದೇ ತಿಳಿದಿದ್ದೆ. ಟ್ಯಾಬ್ ಕೀ ಒತ್ತಿದರೆ ಬರುವ ಪಟ್ಟಿಯಲ್ಲಿ ಅಂಥವರ ಹೆಸರು ಬೂದು ಬಣ್ಣದಲ್ಲಿ, ಓರೆಯಾಗಿ ಕಾಣುತ್ತದೆ ಎಂದು ಮಗಳು ಹೇಳಿದ್ದು ಎಷ್ಟೋ ದಿನದ ಮೇಲೆ. "ಪಾಪ ಅಂತ ಸುಮ್ನಿದ್ವಿ ಅಪ್ಪ" ಅಂದಳು.

ಅಕ್ಕನ ಫೋನ್ ಇಟ್ಟವನೇ ಕಪ್ಪು ಪರದೆಯಲ್ಲಿ ಪುಟ್ಟನ ಹೆಸರಿಗೆ ಕ್ರಿಯೇಟಿವ್ ಎಂದು ಬರೆಯಲು ಹೋದೆ. ಅವನು ಒಳಗಿರಲಿಲ್ಲವಲ್ಲ, ಆಟಗಾರ ಸಿಗಲಿಲ್ಲ ಎಂದು ಉತ್ತರ ಬಂತು. ಅಕ್ಕನಿಗೆ ಹೇಳಿ ಅವನನ್ನು ಎಬ್ಬಿಸಿದೆ. ಒಳಗೆ ಬಂದ ಕ್ಷಣ ಎಂಟರ್ ಒತ್ತಿದೆ. ಅವನ ಪರದೆಯ ಮೇಲೆ, ನಿನ್ನ ಮೋಡ್ ಬದಲಾಗಿದೆ ಎಂಬ ಒಂದು ಸಾಲು ಬಂದಿರಬೇಕು. ಮಿಕ್ಕಿಬ್ಬರಿಗೆ ಅದೂ ಇಲ್ಲ. ಹತ್ತು ನಿಮಿಷದಲ್ಲಿ ಅಕ್ಕ ಮೆಸೇಜು ಕಳಿಸಿದಳು: ಎರಡು ದೋಸೆ ತಿಂದ.

ಮಾರನೇ ದಿನ ಪುಟ್ಟ ವಜ್ರದ ಅರಮನೆ ಕಟ್ಟಿದ. ವಜ್ರದ ಗೋಡೆ, ವಜ್ರದ ಮೆಟ್ಟಿಲು, ಕುರಿಗಳಿಗೂ ವಜ್ರದ ದೊಡ್ಡಿ. ಎರಡು ದಿನ ಅವನ ಕಿರುಚಾಟ ಫೋನಿನ ಸ್ಪೀಕರಿನಿಂದ ನಮ್ಮ ಅಡುಗೆಮನೆಯವರೆಗೆ ಕೇಳುತ್ತಿತ್ತು. ಮೂರನೇ ದಿನ ಕಡಿಮೆಯಾಯಿತು. ನಾಲ್ಕನೇ ದಿನ ಇಣುಕಿ ನೋಡಿದರೆ ಇಬ್ಬರು ದೊಡ್ಡವರು ನೆಲದಡಿ ಸುರಂಗ ಕೊರೆಯುತ್ತಿದ್ದರು. ಪುಟ್ಟ ಆಕಾಶದಲ್ಲಿ ಒಬ್ಬನೇ ಸುತ್ತುತ್ತಿದ್ದ.

"ಅವನನ್ನ ಯಾಕೆ ಕರ್ಕೊಂಡಿಲ್ಲ?" ಎಂದು ಮಗಳನ್ನು ಕೇಳಿದೆ.

"ಕರ್ಕೊಂಡು ಏನ್ಮಾಡೋದು? ಅವನಿಗೇನೂ ಆಗಲ್ಲ. ಅವನು ಆಟಕ್ಕುಂಟು, ಲೆಕ್ಕಕ್ಕಿಲ್ಲ."

ಆ ಮಾತು ಅವಳಿಗೆ ನನ್ನಿಂದಲೇ ಬಂದದ್ದು. ಸಾಗರದ ನಮ್ಮ ಬೀದಿಯಲ್ಲಿ ಲಗೋರಿ ಆಡುತ್ತಿದ್ದ ಕಾಲದಲ್ಲಿ ನನಗೆ ಉಬ್ಬಸ. ಮಳೆಗಾಲ ಬಂದರೆ ರಾತ್ರಿಯಿಡೀ ಕೂತೇ ಇರುತ್ತಿದ್ದೆ. ಅಮ್ಮ ಬಾಗಿಲಿಗೆ ಬಂದು ದೊಡ್ಡ ಹುಡುಗರಿಗೆ ಕೂಗಿ ಹೇಳಿದ್ದಳು, "ಅವನಿಗೆ ದಮ್ಮು ಕಣ್ರೋ, ಓಡಿಸ್ಬೇಡಿ, ಔಟ್ ಮಾಡ್ಬೇಡಿ." ಅವತ್ತಿನಿಂದ ಯಾರೂ ನನಗೆ ಚೆಂಡು ಎಸೆಯಲಿಲ್ಲ. ಕಲ್ಲು ಜೋಡಿಸಲು ನಾನು ಹೋದರೆ ಎದುರು ಪಕ್ಷದವರು ಚೆಂಡು ಕೈಯಲ್ಲಿ ಹಿಡಿದುಕೊಂಡೇ ಪಕ್ಕಕ್ಕೆ ನಿಲ್ಲುತ್ತಿದ್ದರು. ಏಳೂ ಕಲ್ಲು ನಿಧಾನಕ್ಕೆ, ಅಚ್ಚುಕಟ್ಟಾಗಿ ಜೋಡಿಸಿ ಲಗೋರಿ ಎಂದು ಕೂಗುತ್ತಿದ್ದೆ. ಯಾರೂ ತಿರುಗಿ ಕೂಗುತ್ತಿರಲಿಲ್ಲ. ಒಂದು ಬೇಸಿಗೆಯಲ್ಲಿ ಎದುರುಮನೆಗೆ ರಜೆಗೆಂದು ಬಂದಿದ್ದ ಹುಡುಗನೊಬ್ಬ, ಈ ಏರ್ಪಾಡು ಗೊತ್ತಿಲ್ಲದೆ, ನನ್ನ ಬೆನ್ನಿಗೆ ಟೆನಿಸ್ ಬಾಲಿನಿಂದ ಛಟೀರೆಂದು ಹೊಡೆದ. ಎಲ್ಲರೂ ಅವನ ಮೇಲೆ ಮುಗಿಬಿದ್ದರು. ನನಗೆ ಕಣ್ಣಲ್ಲಿ ನೀರು ಬಂದಿತ್ತು. ಅವನು ಊರಿಗೆ ಹೊರಟ ದಿನ ನನ್ನ ಬುಗುರಿ ಅವನಿಗೆ ಕೊಟ್ಟೆ. ಅಮ್ಮ ಮಾಡಿದ್ದು ತಪ್ಪೆಂದು ಈಗಲೂ ಅನ್ನಲಾರೆ. ಆ ರಾತ್ರಿಗಳಲ್ಲಿ ನನ್ನ ಬೆನ್ನು ನೀವುತ್ತ ನಿದ್ದೆಗೆಟ್ಟವಳು ಅವಳೇ.

ಇಷ್ಟೆಲ್ಲ ಗೊತ್ತಿದ್ದವನು ಪುಟ್ಟನಿಗೆ ಅದನ್ನೇ ಮಾಡಿದ್ದೆ. ಒಂದು ಎಂಟರ್ ಅಷ್ಟೆ, ಬಾಗಿಲಿಗೆ ಬಂದು ಕೂಗುವ ಕಷ್ಟವೂ ಇರಲಿಲ್ಲ.

ಕ್ರಿಯೇಟಿವ್‌ಗೆ ಹಾಕಿದರೆ ಪರದೆಯ ಕೆಳಗಿರುವ ಹತ್ತು ಕೆಂಪು ಹೃದಯಗಳೂ ಹಸಿವಿನ ಗುರುತುಗಳೂ ಮಾಯವಾಗುತ್ತವೆ. ಅಲ್ಲಿಯವರೆಗೆ ಪುಟ್ಟ ಹಸಿದಾಗೆಲ್ಲ "ಅಕ್ಕಾ, ಬ್ರೆಡ್ಡು" ಎಂದು ಕೂಗುತ್ತಿದ್ದ, ನನ್ನ ಮಗಳು ಬೈಯುತ್ತಲೇ ಎರಡು ತುಂಡು ಎಸೆಯುತ್ತಿದ್ದಳು. ಅವನು ಸತ್ತಾಗಲೆಲ್ಲ ಇಬ್ಬರೂ ಅಗೆಯುವುದು ಬಿಟ್ಟು ಅವನ ಸಾಮಾನು ಕಾಯಲು ಓಡುತ್ತಿದ್ದರು. ಈಗ ಅವನಿಗೆ ಬ್ರೆಡ್ಡು ಬೇಡ, ಸಾಯುವುದೂ ಇಲ್ಲ. ಕೂಗುವುದಕ್ಕೆ ಕಾರಣವೇ ಇಲ್ಲ. ದೊಡ್ಡವರ ಒಲವು ಗಳಿಸಲು ಮೇಲಿನಿಂದ ವಜ್ರ ಸುರಿಸಿ ನೋಡಿದ. ಅಣ್ಣನ ಮಗ ಅದನ್ನು ಖೋಟಾನೋಟು ಎಂದು ಕರೆದು ಒಂದೊಂದಾಗಿ ಲಾವಾಕ್ಕೆ ಹಾಕಿದ.

ವಾರದ ಕೊನೆಗೆ ಪುಟ್ಟ ತಾನೇ ಫೋನ್ ಮಾಡಿದ. ಪಿಸುದನಿಯಲ್ಲಿ, "ಮಾಮ, ನನ್ನನ್ನ ಮೊದಲಿನ ಥರಾನೇ ಮಾಡ್ತೀಯಾ?"

"ಅದಕ್ಕೇನೋ, ಈಗಲೇ" ಎಂದು ಫೋನ್ ಕಿವಿಗಿಟ್ಟುಕೊಂಡೇ ಸರ್ವೈವಲ್ ಎಂದು ಬರೆದು ಎಂಟರ್ ಒತ್ತಿದೆ.

ಎಲ್ಲಿದ್ದೀಯ ಎಂದು ಕೇಳಿರಲಿಲ್ಲ. ಅವನು ಅರಮನೆಯ ಗೋಪುರಕ್ಕಿಂತಲೂ ಮೇಲೆ ಹಾರುತ್ತಿದ್ದ. ಆ ಜಗತ್ತಿನಲ್ಲಿ 23 ಚೌಕದಷ್ಟು ಎತ್ತರದಿಂದ ಬಿದ್ದರೆ ತುಂಬು ಹೃದಯದವನೂ ಸಾಯುತ್ತಾನೆ. ಇವನು ಅದಕ್ಕಿಂತ ಎಷ್ಟೋ ಮೇಲಿದ್ದ. ಎತ್ತರದಿಂದ ಬಿದ್ದು ಸತ್ತ ಎಂಬ ಸಾಲು ಎಲ್ಲರ ಪರದೆಯ ಮೇಲೂ ಬಂತು. ಫೋನಿನಲ್ಲಿ ಒಂದು ಕ್ಷಣ ಸದ್ದಿಲ್ಲ. ಅತ್ತನೇನೋ ಎಂದು ನನಗೆ ಗಾಬರಿ. ಪಕ್ಕದ ಕೋಣೆಯಿಂದ ಮಗಳ ನಗು ಕೇಳಿತು, ಆಮೇಲೆ "ಪುಟ್ಟ ಸತ್ತ! ಬಾರೋ, ಪುಟ್ಟ ಸತ್ತ!" ಎಂದು ಹುಬ್ಬಳ್ಳಿಗೆ ಕೂಗಿ ಹೇಳುವ ಸಂಭ್ರಮ. ಇಬ್ಬರೂ ಸುರಂಗದಿಂದೆದ್ದು ಓಡಿದರು.

ಅವನು ಬಿದ್ದಲ್ಲಿ ವಜ್ರದ ಕತ್ತಿ, ಕವಚ, ಚಿನ್ನದ ಸೇಬು ಎಲ್ಲ ಚೆಲ್ಲಾಪಿಲ್ಲಿ. ಪುಟ್ಟ ತನ್ನ ಹಳೇ ಹಾಸಿಗೆಯಿಂದ ಬರಿಗೈಯಲ್ಲಿ ಎದ್ದು ಬಂದ. "ಯಾರೂ ಮುಟ್ಬೇಡಿ" ಅಂದ. ಮೂವರೂ ಆ ರಾಶಿಯ ಸುತ್ತ ನಿಂತರು, ಐದು ನಿಮಿಷ. ಎಲ್ಲವೂ ಮಾಯವಾಯಿತು. ಮಗಳು ಅವನ ಕಾಲಬಳಿ ಒಂದು ಬ್ರೆಡ್ಡು ಎಸೆದಳು.

ಉಳಿದದ್ದು ಅರಮನೆ. ಅದರ ಒಂದು ಗೋಡೆ ಒಡೆದರೂ ಮೂವರಿಗೆ ಮುಗಿಯದಷ್ಟು ವಜ್ರ. ಕೆಡವಿಬಿಡಲೇ ಎಂದು ಈ ಸಲ ಕೇಳಿದೆ. ಮಕ್ಕಳು ಮಾತಾಡಿಕೊಂಡು ಬೇಡವೆಂದರು. ಮುಂದೆ ಒಂದು ಬೋರ್ಡು ನೆಟ್ಟರು: ಸರ್ಕಾರಿ ಕಟ್ಟಡ. ಸರ್ವರ್ ಇದ್ದಷ್ಟು ದಿನವೂ ಯಾರೂ ಅದರೊಳಗೆ ಹೋಗಲಿಲ್ಲ. ಕುರಿಗಳು ಮಾತ್ರ ಅಲ್ಲೇ ಉಳಿದುಕೊಂಡಿದ್ದವು.

ಪುಟ್ಟ ಈಗ ಒಂಬತ್ತನೇ ಕ್ಲಾಸು, ಗಂಟಲು ಒಡೆದಿದೆ. ಗೆಳೆಯರಿಗಾಗಿ ಅವನೇ ಸರ್ವರ್ ನಡೆಸುತ್ತಾನೆ. ಹೋದ ತಿಂಗಳು ಒಂದು ಭಾನುವಾರ ನನ್ನನ್ನೂ ಸೇರಿಸಿಕೊಂಡ. ಅವರೆಲ್ಲ ಬೆಟ್ಟ ದಾಟಿ ಹೋಗಿದ್ದರು, ನಾನು ಹಿಂದೆ ಉಳಿದು ಅರ್ಧ ಗಂಟೆಯಲ್ಲಿ ನಾಲ್ಕು ಸಲ ಸತ್ತೆ. ಐದನೇ ಸಲ ಕತ್ತಲಾಗುತ್ತಿದ್ದಂತೆ ಒಂದು ಗುಂಡಿ ತೋಡಿಕೊಂಡು, ಮೇಲೆ ಮಣ್ಣು ಮುಚ್ಚಿಕೊಂಡು ಕೂತಿದ್ದೆ. ಎರಡೂವರೆ ಹೃದಯ ಉಳಿದಿತ್ತು, ಮೇಲೆ ಮೂಳೆ ಕಟಕಟಿಸುವ ಸದ್ದು. ಪರದೆಯಲ್ಲಿ ಅವನ ಸಾಲು ಮೂಡಿತು.

"ಮಾಮ, ಕ್ರಿಯೇಟಿವ್‌ಗೆ ಹಾಕ್ಲಾ?"

ಹಾಕು ಎಂದು ಬರೆದೆ. ಎಂಟರ್ ಒತ್ತದೆ ಸ್ವಲ್ಪ ಹೊತ್ತು ಅದನ್ನೇ ನೋಡುತ್ತಿದ್ದು, ಅಳಿಸಿ, ಬೇಡ ಎಂದು ಬರೆದು ಕಳಿಸಿದೆ.

"ಸರಿ, ಅಲ್ಲೇ ಇರು. ಬರ್ತಾ ಇದೀವಿ" ಎಂದು ಉತ್ತರ ಬಂತು.